ಹೊಂಡದ ಕ್ಯಾಟ್‌ಫಿಶ್, ಕೆರೆಯ ಅಂತರಗಂಗೆ: ಕಾನೂನು ಎಲ್ಲಿದೆ, ಎಲ್ಲಿ ಇಲ್ಲ

ಪ್ರಶ್ನೆ: ನಾವು ಕೊಡಗಿನ ನಾಪೋಕ್ಲು ಕಡೆಯ ಕಾಫಿ ಬೆಳೆಗಾರರು. ತೋಟದ ಕೆಳಗೆ ಅಜ್ಜನ ಕಾಲದ ಕೆರೆ ಇದೆ. ಕಾಫಿ ಹೂ ಬಿಡಿಸುವ ಹೂಮಳೆ ಕೈಕೊಟ್ಟ ವರ್ಷ ಸ್ಪ್ರಿಂಕ್ಲರ್‌ಗೆ ಅದೇ ಆಧಾರ. ಮೂರು ವರ್ಷದ ಹಿಂದೆ ಒಂದು ಮೂಲೆಯಲ್ಲಿದ್ದ ಅಂತರಗಂಗೆ ಕಳೆ ಈಗ ಅರ್ಧ ಕೆರೆ ಮುಚ್ಚಿದೆ. ಪಕ್ಕದ ತೋಟದವರು ಹೊಸದಾಗಿ ಹೊಂಡ ತೆಗೆಸಿ ಕ್ಯಾಟ್‌ಫಿಶ್ ಮರಿ ಬಿಟ್ಟಿದ್ದಾರೆ. ಹೋದ ಮಳೆಗಾಲದಲ್ಲಿ ಆ ಹೊಂಡ ತುಂಬಿ ನಮ್ಮ ಗದ್ದೆಗೆ ಹರಿಯಿತು, ಬದುವಿನ ಹತ್ತಿರ ಮೊಳದುದ್ದದ ಮೀಸೆ ಮೀನು ಸಿಕ್ಕಿತು. ಈ ನೀರೆಲ್ಲ ಕೊನೆಗೆ ಸೇರುವುದು ಕಾವೇರಿಗೆ. ವಿಚಾರಿಸಲು ಹೋದರೆ ಒಂದು ಕಚೇರಿಯವರು ಇನ್ನೊಂದು ಕಚೇರಿ ತೋರಿಸುತ್ತಾರೆ. ಇದಕ್ಕೆ ಕಾನೂನೇ ಇಲ್ಲವೇ? ನಾವೇನು ಮಾಡಬಹುದು? ಸೊಳ್ಳೆ ಕಾಟಕ್ಕೆ ಗಪ್ಪಿ ಮೀನು ಕೆರೆಗೆ ಬಿಡಬಹುದೇ?

ಉತ್ತರ: ಕಾನೂನಿನ ಮಾತಿಗೆ ಮೊದಲು ಆ ಮೀನಿನ ತಲೆ ನೋಡಬೇಕು. ಮೀಸೆ ಇದ್ದ ಮಾತ್ರಕ್ಕೆ ಅದು ಹೊರಗಿನದು ಅಂತ ಹೇಳಲಾಗದು. ನಮ್ಮ ಗದ್ದೆ, ತೋಡುಗಳಲ್ಲಿ ಇದ್ದ ಮುರುಗೋಡಿಗೂ ನಾಲ್ಕು ಜೊತೆ ಮೀಸೆ, ಅದೂ ಗಾಳಿ ಉಸಿರಾಡುತ್ತದೆ, ಅದೂ ಮಳೆ ಬಿದ್ದ ರಾತ್ರಿ ಒದ್ದೆ ನೆಲದ ಮೇಲೆ ತೆವಳುತ್ತದೆ. ಮುಂದಿನ ಸಲ ಸಿಕ್ಕಾಗ ಕಣ್ಣಿನ ಹಿಂದಿನಿಂದ ಬೆನ್ನಿನ ಕಡೆಗೆ ತಲೆಯ ಗಟ್ಟಿ ಮೂಳೆಯ ಮೇಲೆ ಹೆಬ್ಬೆರಳು ಆಡಿಸಿ ನೋಡಿ. ತಲೆಬುರುಡೆ ಮುಗಿದು ಮೆತ್ತನೆ ಬೆನ್ನು ಶುರುವಾಗುವ ಕಡೆ ನಮ್ಮ ಮುರುಗೋಡಿಗೆ ಒಂದೇ ದುಂಡನೆ ಮೊನೆ ಇರುತ್ತದೆ. ಆಫ್ರಿಕನ್ ಕ್ಯಾಟ್‌ಫಿಶ್‌ನಲ್ಲಿ ಆ ಅಂಚು ಚೂಪು ಚೂಪಾಗಿ ಅಂಕುಡೊಂಕಾಗಿರುತ್ತದೆ, ಇಂಗ್ಲಿಷಿನ ಡಬ್ಲ್ಯೂ ಅಕ್ಷರದ ಹಾಗೆ. ಮೈಬಣ್ಣದಲ್ಲೂ ಗೊತ್ತಾಗುತ್ತದೆ. ನಮ್ಮದು ಹೆಚ್ಚು ಕಡಿಮೆ ಒಂದೇ ಸಮ ಕಂದು. ಆಫ್ರಿಕದ್ದಕ್ಕೆ ಬೂದಿ ಬಣ್ಣದ ಮೇಲೆ ಕಪ್ಪು ಮಚ್ಚೆಗಳು, ಹಳೆಯ ಮೊಸಾಯಿಕ್ ನೆಲದ ಹಾಗೆ. ನಮ್ಮ ಮುರುಗೋಡು ಒಂದಡಿ ಸುಮಾರಿಗೆ ನಿಲ್ಲುತ್ತದೆ, ಅದು ಮೀಟರ್ ದಾಟಿ ಬೆಳೆಯುತ್ತದೆ. ನೀವು ಹೇಳಿದ ಮೊಳದುದ್ದ, ಪಕ್ಕದ ಹೊಂಡ, ಎರಡನ್ನೂ ಸೇರಿಸಿದರೆ ಆಫ್ರಿಕನ್ ಕ್ಯಾಟ್‌ಫಿಶ್ ಅಂತಲೇ ನನ್ನ ಅನುಮಾನ. ಆದರೂ ತಲೆಯ ಫೋಟೊ ಇಲ್ಲದೆ ದೂರು ಬರೆಯಬೇಡಿ. ಅದು ಮುರುಗೋಡು ಎಂದು ಯಾರೋ ಹೇಳಿಬಿಟ್ಟರೆ ನಿಮ್ಮ ಅರ್ಜಿ ಅಲ್ಲಿಗೇ ನಿಲ್ಲುತ್ತದೆ.

ಅದು ಆಫ್ರಿಕನ್ ಕ್ಯಾಟ್‌ಫಿಶ್ ಆಗಿದ್ದರೆ, ಸರ್ಕಾರದ ನಿಲುವು ಏನೆಂಬುದರಲ್ಲಿ ಗೊಂದಲವೇ ಇಲ್ಲ. ಈ ಮೀನನ್ನು ಯಾವ ಸರ್ಕಾರವೂ ತರಿಸಿದ್ದಲ್ಲ. 1990ರ ದಶಕದ ಆರಂಭದಲ್ಲಿ ಬಾಂಗ್ಲಾದೇಶದ ಗಡಿ ದಾಟಿ ಅನುಮತಿ ಇಲ್ಲದೆ ಬಂದು, ಬಂಗಾಳದಿಂದ ಆಂಧ್ರ, ಅಲ್ಲಿಂದ ದಕ್ಷಿಣಕ್ಕೆಲ್ಲ ಹರಡಿತು. 1997ರಲ್ಲೇ ಕೇಂದ್ರ ಕೃಷಿ ಸಚಿವಾಲಯ ಎಲ್ಲ ರಾಜ್ಯಗಳಿಗೆ ಪತ್ರ ಬರೆದು ಇದನ್ನು ಸಾಕಬಾರದು, ಇರುವುದನ್ನು ನಾಶ ಮಾಡಬೇಕು ಎಂದು ಸೂಚಿಸಿತು. 2019ರಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಮತ್ತೆ ಅದನ್ನೇ ಗಟ್ಟಿಯಾಗಿ ಹೇಳಿತು. ಆದ್ದರಿಂದ ನಿಮ್ಮ ನೆರೆಯವರಿಗೆ ಮರಿ ಕೊಟ್ಟವನು ಕೊಡಬಾರದ್ದನ್ನು ಕೊಟ್ಟಿದ್ದಾನೆ. ನೆರೆಯವರಿಗೆ ಅದು ಗೊತ್ತಿರದೇ ಇರಬಹುದು. ವ್ಯಾನಿನಲ್ಲಿ ಆಕ್ಸಿಜನ್ ತುಂಬಿದ ಪ್ಲಾಸ್ಟಿಕ್ ಚೀಲ ತರುವವರು ಜಾತಿ ಹೇಳುವುದಿಲ್ಲ. ಬೇಗ ಬೆಳೆಯುತ್ತದೆ, ಏನು ಹಾಕಿದರೂ ತಿನ್ನುತ್ತದೆ, ನೀರು ಕೆಟ್ಟರೂ ಸಾಯುವುದಿಲ್ಲ ಎನ್ನುತ್ತಾರೆ. ಮೂರೂ ನಿಜ. ಹೊಳೆಗೆ ಅದು ಅಪಾಯವಾಗುವುದೂ ಆ ಮೂರು ಗುಣಗಳಿಂದಲೇ.

ನಿಷೇಧ ಬಂದು ಇಷ್ಟು ವರ್ಷವಾದರೂ ಮೀನು ಏಕೆ ಉಳಿದಿದೆ? ನನ್ನ ಅನುಭವದಲ್ಲಿ ಕಾರಣ ಒಂದೇ. ನಿಷೇಧ ಹೊಂಡದ ಬಾಗಿಲಿಗೆ ಬರುವುದು ಯಾರಾದರೂ ದೂರು ಕೊಟ್ಟಾಗ. ಮರಿ ಹುಟ್ಟುವ ಜಾಗಕ್ಕೆ, ಮರಿ ಸಾಗುವ ದಾರಿಗೆ ಅದು ಮುಟ್ಟುವುದು ಅಪರೂಪ. ಆಮೇಲೆ ಮಳೆ ಇದೆಯಲ್ಲ. ಬಯಲುಸೀಮೆಯ ಹೊಂಡ ತುಂಬಿ ಹರಿಯುವುದು ಎಷ್ಟೋ ವರ್ಷಕ್ಕೊಮ್ಮೆ. ಕೊಡಗಿನಲ್ಲಿ ಜೂನ್‌ನಿಂದ ಸೆಪ್ಟೆಂಬರ್ ತನಕ ತುಂಬಿ ಹರಿಯದ ಹೊಂಡವೇ ಇಲ್ಲ. 2018ರ ಆಗಸ್ಟ್‌ನಲ್ಲಿ ನಮ್ಮ ಗುಡ್ಡಗಳು ಕುಸಿದಾಗ ಮನೆ, ತೋಟ, ಜೀವ ಹೋದ ದುಃಖದಲ್ಲಿ ಎಷ್ಟು ಹೊಂಡ ಒಡೆಯಿತು, ಅದರಲ್ಲಿ ಏನಿತ್ತು ಎಂದು ಲೆಕ್ಕ ಇಡುವ ಸ್ಥಿತಿಯಲ್ಲಿ ಯಾರೂ ಇರಲಿಲ್ಲ. ಅದೇ ಪ್ರವಾಹದ ನಂತರ ಕೇರಳದ ನದಿಗಳಲ್ಲಿ ಬಲೆ ಬೀಸಿದವರಿಗೆ ಅಮೆಜಾನಿನ ಅರಪೈಮಾ ಮೀನು ಸಿಕ್ಕಿತು. ಯಾರದೋ ಸಾಕಣೆ ಕೊಳದಿಂದ ತಪ್ಪಿಸಿಕೊಂಡು ಬಂದದ್ದು. ಇನ್ನೂ ಹಳೆಯ ಉದಾಹರಣೆ ಹಿಮಾಚಲದ ಗೋವಿಂದಸಾಗರ ಜಲಾಶಯದ್ದು. 1971ರ ನೆರೆಯಲ್ಲಿ ಮೀನು ಫಾರಂನಿಂದ ತಪ್ಪಿಸಿಕೊಂಡ ಚೀನಾದ ಬೆಳ್ಳಿ ಗೆಂಡೆ ಆ ಜಲಾಶಯವನ್ನೇ ಹಿಡಿದುಕೊಂಡು ಅಲ್ಲಿನ ಕಾಟ್ಲಾ, ಮಾಶೀರ್‌ಗಳನ್ನು ಹಿಂದಕ್ಕೆ ತಳ್ಳಿತು. ಒಂದೇ ಒಂದು ನೆರೆ ಸಾಕಾಯಿತು.

ಸಿದ್ದಾಪುರ ಹತ್ತಿರದ ಒಂದು ತೋಟದಲ್ಲಿ ಇಂಥ ಹೊಂಡ ಬತ್ತಿಸುವಾಗ ನಾನು ಪಕ್ಕದಲ್ಲೇ ನಿಂತಿದ್ದೆ. ಏಪ್ರಿಲ್ ತಿಂಗಳು. ಎರಡು ದಿನ ಪಂಪು ಓಡಿಸಿ ನೀರು ತೆಗೆದರು, ಸಿಕ್ಕ ಮೀನು ಹಿಡಿದರು, ಮುಗಿಯಿತು ಅಂದುಕೊಂಡರು. ನಾಲ್ಕನೇ ದಿನ ಮಣ್ಣು ಬಿರುಕು ಬಿಡಲು ಶುರುವಾಗಿತ್ತು. ಹಾರೆ ಹಾಕಿ ಒಂದಡಿ ಕೆಸರು ಎತ್ತಿದರೆ ಕೆಳಗೆ ಎರಡು ಮೀನು ಮೈ ಮಡಿಸಿ ಕೂತಿದ್ದವು, ಜೀವಂತ. ಒಂದರ ಹೊಟ್ಟೆ ಸೀಳಿ ನೋಡಿದೆವು. ಏಡಿಯ ಕೊಂಡಿ, ಶಂಖದ ಹುಳುವಿನ ಚಿಪ್ಪು, ಅರೆ ಜೀರ್ಣವಾದ ಸಣ್ಣ ಮೀನಿನ ಬೆನ್ನೆಲುಬು, ಒಂದು ಕಪ್ಪೆಯ ಕಾಲು. ಗದ್ದೆಯಲ್ಲಿ ಏನೇನಿದೆಯೋ ಅದೆಲ್ಲ ಅದರ ಹೊಟ್ಟೆಯಲ್ಲಿತ್ತು. ಅಂದಿನಿಂದ ಹೊಂಡ ಬತ್ತಿಸಿ ಎಂದು ಕೇಳಿದವರಿಗೆಲ್ಲ ಕೆಸರು ಪೂರ್ತಿ ಒಣಗುವ ತನಕ ಬಿಡಿ, ಅದಕ್ಕೆ ಬೇಸಿಗೆಯೇ ಆಗಬೇಕು ಎಂದೂ ಹೇಳುತ್ತೇನೆ. ವಿಷ ಹಾಕುವ ಯೋಚನೆ ಮಾತ್ರ ಬೇಡ. ಹರಿಯುವ ನೀರಿಗೆ ವಿಷ ಬೆರೆಸಿ ಮೀನು ಕೊಲ್ಲುವುದು 1897ರ ಭಾರತೀಯ ಮೀನುಗಾರಿಕೆ ಕಾಯ್ದೆಯ ಕಾಲದಿಂದಲೂ ಅಪರಾಧ. ಅದರಲ್ಲಿ ಮೊದಲು ಸಾಯುವುದೂ ಕ್ಯಾಟ್‌ಫಿಶ್ ಅಲ್ಲ.

ಈಗ ನಿಮ್ಮ ದೊಡ್ಡ ಪ್ರಶ್ನೆಗೆ ಬರುತ್ತೇನೆ. ಹೊರಗಿನ ಜೀವಿಗಳ ಬಗ್ಗೆ ದೇಶಕ್ಕೆ ಒಂದು ಸಮಗ್ರ ಕಾನೂನು ಇದೆಯೇ? ಬಹುಕಾಲ ಇರಲಿಲ್ಲ. ಗಿಡ, ಬೀಜ ಹೊರದೇಶದಿಂದ ಬರುವಾಗ ತಡೆಯಲು 1914ರ ಕೀಟ ಮತ್ತು ಪೀಡೆಗಳ ಕಾಯ್ದೆ, ಅದರ ಕೆಳಗೆ 2003ರ ಸಸ್ಯ ಕ್ವಾರಂಟೈನ್ ಆದೇಶ. ಮೀನು, ಪ್ರಾಣಿ ಬರುವಾಗ 1898ರ ಜಾನುವಾರು ಆಮದು ಕಾಯ್ದೆ. 2002ರ ಜೈವಿಕ ವೈವಿಧ್ಯ ಕಾಯ್ದೆ ಪಂಚಾಯಿತಿ ಮಟ್ಟದಲ್ಲಿ ಸಮಿತಿ ಕೊಟ್ಟಿತು. ಎಲ್ಲವೂ ಬಿಡಿಬಿಡಿ. 2022ರಲ್ಲಿ ವನ್ಯಜೀವಿ ಸಂರಕ್ಷಣಾ ಕಾಯ್ದೆಗೆ ತಿದ್ದುಪಡಿ ಮಾಡಿದಾಗ ಮೊದಲ ಬಾರಿಗೆ ಆಕ್ರಮಣಕಾರಿ ಅನ್ಯ ಪ್ರಭೇದ ಎಂಬ ಮಾತು ಆ ಕಾಯ್ದೆಯೊಳಗೆ ಬಂತು. 62ಎ ಎಂಬ ಹೊಸ ಕಲಮು ಕೇಂದ್ರ ಸರ್ಕಾರಕ್ಕೆ ಇಂಥ ಜೀವಿಗಳ ಆಮದು, ವ್ಯಾಪಾರ, ಇಟ್ಟುಕೊಳ್ಳುವಿಕೆ, ಹರಡುವಿಕೆಗಳನ್ನು ಅಧಿಸೂಚನೆ ಹೊರಡಿಸಿ ನಿಯಂತ್ರಿಸುವ ಅಥವಾ ನಿಷೇಧಿಸುವ ಅಧಿಕಾರ ಕೊಡುತ್ತದೆ. 2023ರ ಏಪ್ರಿಲ್ 1ರಿಂದ ಇದು ಜಾರಿಯಲ್ಲಿದೆ. ಕಲಮು ತಾನಾಗಿಯೇ ಯಾವ ಮೀನನ್ನೂ ನಿಷೇಧಿಸುವುದಿಲ್ಲ ಎಂಬುದನ್ನು ಗಮನಿಸಿ. ಹೆಸರು ಹಿಡಿದು ಅಧಿಸೂಚನೆ ಆಗಬೇಕು.

ಆದರೆ ಕೊಡಗಿನಲ್ಲಿ ನಿಂತು ಓದಿದರೆ ಈ ಕಾನೂನಿನ ಒಂದು ಪದ ನನಗೆ ನಿದ್ದೆ ಕೆಡಿಸುತ್ತದೆ. ಅನ್ಯ ಪ್ರಭೇದ ಎಂದರೆ ಭಾರತಕ್ಕೆ ಸೇರದ ಪ್ರಾಣಿ ಅಥವಾ ಸಸ್ಯ ಎಂದು ಅಲ್ಲಿ ವ್ಯಾಖ್ಯೆ ಮಾಡಿದ್ದಾರೆ. ಅಂದರೆ ಗೆರೆ ಎಳೆದಿರುವುದು ದೇಶದ ಗಡಿಯಲ್ಲಿ. ಮೀನಿಗೆ ದೇಶದ ಗಡಿ ಏನೂ ಅಲ್ಲ, ಅದಕ್ಕಿರುವ ಗಡಿ ನೀರು ಬೇರೆಯಾಗುವ ಏಣು. ಬ್ರಹ್ಮಗಿರಿಯನ್ನೇ ತೆಗೆದುಕೊಳ್ಳಿ. ಅದರ ಈ ಮಗ್ಗುಲಲ್ಲಿ ಇರ್ಪುವಿನಿಂದ ಇಳಿಯುವ ಲಕ್ಷ್ಮಣತೀರ್ಥ ಕಾವೇರಿ ಸೇರಿ ಬಂಗಾಳ ಕೊಲ್ಲಿಗೆ ಹೋಗುತ್ತದೆ. ಆ ಮಗ್ಗುಲಲ್ಲಿ ಇಳಿಯುವ ಬರಪೊಳೆ ವಳಪಟ್ಟಣಂ ಹೊಳೆಯಾಗಿ ಅರಬ್ಬಿ ಸಮುದ್ರಕ್ಕೆ. ಎರಡರ ನೀರೂ ಒಂದೇ ಮಳೆಯದು, ಮಧ್ಯೆ ಒಂದು ಹುಲ್ಲುಗುಡ್ಡ. ಆದರೆ ಅಲ್ಲಿನ ಮೀನು ಇಲ್ಲಿಗೆ ಬರಲು ತಾನಾಗಿ ದಾರಿ ಇರಲಿಲ್ಲ. ಈ ಕಡೆಯ ಮೀನುಗಳು ಈ ಕಡೆಯದೇ ಆಗಿ ಬೆಳೆದು ಬಂದದ್ದು ಅದಕ್ಕೇ. ಒಂದು ಬಕೆಟ್ ಹಿಡಿದು ಗುಡ್ಡ ದಾಟಿದವನು ಮೀನಿನ ಲೆಕ್ಕದಲ್ಲಿ ದೇಶ ದಾಟಿದ ಹಾಗೆ. ಕಾನೂನು ಮಾತ್ರ ಅವನನ್ನು ಕಾಣುವುದಿಲ್ಲ. ಭಾರತವೂ ಸಹಿ ಹಾಕಿರುವ 1992ರ ಜೈವಿಕ ವೈವಿಧ್ಯ ಒಪ್ಪಂದದ ಅಡಿಯಲ್ಲಿ ಬಳಕೆಯಲ್ಲಿರುವ ವ್ಯಾಖ್ಯೆ ಹಾಗಿಲ್ಲ. ಒಂದು ಜೀವಿ ಸ್ವಾಭಾವಿಕವಾಗಿ ಇರುವ, ಇದ್ದ ನೆಲೆಯ ಹೊರಗೆ ಅದನ್ನು ಬಿಟ್ಟರೆ ಅದು ಅನ್ಯ, ಅಷ್ಟೇ. ನಮ್ಮ ಕಾನೂನು ಆ ಮಾತನ್ನು ಎತ್ತಿಕೊಂಡಿದ್ದರೆ ಕೊಡಗಿನಂಥ ಜಿಲ್ಲೆಗೆ ಎಷ್ಟೋ ಉಪಕಾರವಾಗುತ್ತಿತ್ತು.

ಇದು ಬರೀ ಪದದ ಜಗಳ ಅನ್ನಿಸಿದರೆ ಮಾಶೀರ್‌ನ ಕತೆ ಕೇಳಿ. ಕಾವೇರಿಯದೇ ಆದ ಒಂದು ಮಾಶೀರ್ ಇದೆ, ಬೆನ್ನು ಗೂನಾಗಿ ಎದ್ದಿರುವ ದೊಡ್ಡ ಜಾತಿ. ಲೋಕದಲ್ಲಿ ಕಾವೇರಿ ಮತ್ತು ಅದರ ಉಪನದಿಗಳನ್ನು ಬಿಟ್ಟರೆ ಬೇರೆಲ್ಲೂ ಇಲ್ಲ. 1946ರಲ್ಲಿ ಮೈಸೂರಿನ ವ್ಯಾನ್ ಇಂಗೆನ್ ಕುಟುಂಬದವರೊಬ್ಬರು ಕಬಿನಿಯಲ್ಲಿ ಗಾಳ ಹಾಕಿ ಹಿಡಿದ ಮೀನು 120 ಪೌಂಡ್ ತೂಗಿತ್ತು, ಅಂದರೆ 54 ಕಿಲೋ. ಅಂಥ ಮೀನು ಕಡಿಮೆಯಾಗುತ್ತಿದೆ ಎಂದು ಕಳವಳಪಟ್ಟವರು ಕೆಟ್ಟವರಲ್ಲ, ನದಿಯನ್ನು ಪ್ರೀತಿಸಿದವರೇ. ಮಹಾರಾಷ್ಟ್ರದ ಲೋಣಾವಳದಲ್ಲಿ 1970ರ ದಶಕದಿಂದ ಮಾಶೀರ್ ಮರಿ ಮಾಡುತ್ತಿದ್ದರು. ಅಲ್ಲಿಂದ ಬಂದ ಮರಿಗಳನ್ನು ಕಾವೇರಿಗೆ ಬಿಟ್ಟರು. ಅವು ಕೃಷ್ಣಾ ಕೊಳ್ಳದ ನೀಲಿ ರೆಕ್ಕೆಯ ಮಾಶೀರ್. ಭಾರತದ್ದೇ ಮೀನು, ಮಾಶೀರೇ, ಆದರೆ ಈ ಹೊಳೆಯದಲ್ಲ. ಆಗ ಎರಡನ್ನೂ ಬೇರೆ ಬೇರೆ ಎಂದು ಯಾರೂ ಹೆಚ್ಚು ಯೋಚಿಸಲಿಲ್ಲ. ಕಾವೇರಿ ದಡದ ಗಾಲಿಬೋರೆಯ ಮೀನು ಶಿಬಿರದಲ್ಲಿ ಗಾಳಗಾರರು ಹಿಡಿದು ಬಿಟ್ಟ ಮೀನುಗಳ ಲೆಕ್ಕದ ಪುಸ್ತಕ ಉಳಿದಿತ್ತು. 1998ರಿಂದ 2012ರವರೆಗಿನ ಆ ಲೆಕ್ಕವನ್ನು ಸಂಶೋಧಕರು ಬಿಡಿಸಿ ನೋಡಿದಾಗ ಕಂಡದ್ದು ಇದು: ನೀಲಿ ರೆಕ್ಕೆಯದು ವರ್ಷ ವರ್ಷ ಏರುತ್ತ ಹೋಗಿದೆ, ಗೂನು ಬೆನ್ನಿನದು ಕರಗುತ್ತ ಹೋಗಿದೆ. ಮಾಶೀರ್ ಚೆನ್ನಾಗಿದೆ ಎಂದು ಎಲ್ಲರೂ ಸಂತೋಷಪಡುತ್ತಿದ್ದ ವರ್ಷಗಳಲ್ಲೇ ಕಾವೇರಿಯ ಮಾಶೀರ್ ಹೋಗುತ್ತಿತ್ತು. 2018ರಲ್ಲಿ ಅದಕ್ಕೆ ಸರಿಯಾದ ವೈಜ್ಞಾನಿಕ ಹೆಸರು ಗಟ್ಟಿಯಾಯಿತು, ಟಾರ್ ರೆಮಾದೇವಿ ಅಂತ. ಅದೇ ವರ್ಷ, ಯಾವ ಜೀವಿ ಎಷ್ಟು ಅಪಾಯದಲ್ಲಿದೆ ಎಂದು ಪಟ್ಟಿ ಮಾಡುವ ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್ ಅದನ್ನು ವಿನಾಶದ ಅಂಚಿನಲ್ಲಿರುವ ಪ್ರಭೇದಗಳ ಪಟ್ಟಿಗೆ ಸೇರಿಸಿತು.

ನಮ್ಮ ಹಾರಂಗಿಯಲ್ಲಿ ಮೀನುಗಾರಿಕೆ ಇಲಾಖೆಯ ಮಾಶೀರ್ ಮರಿ ಉತ್ಪಾದನಾ ಕೇಂದ್ರ ಇದೆ. ಒಳ್ಳೆಯ ವ್ಯವಸ್ಥೆ, ಉಳಿಯಬೇಕು. ಮರಿ ಬಿಡುವ ಕಾರ್ಯಕ್ರಮಕ್ಕೆ ಯಾರಾದರೂ ನಿಮ್ಮನ್ನು ಕರೆದರೆ ಹೋಗಿ, ಆದರೆ ತಾಯಿ ಮೀನು ಯಾವ ಹೊಳೆಯದು ಎಂದು ಕೇಳಿ. ಆ ಒಂದು ಪ್ರಶ್ನೆಯನ್ನು ಸಾಕಷ್ಟು ಜನ, ಸಾಕಷ್ಟು ಮುಂಚೆ ಕೇಳಿದ್ದರೆ ಗೂನುಬೆನ್ನಿನ ಮಾಶೀರ್ ಈ ಗತಿಗೆ ಬರುತ್ತಿರಲಿಲ್ಲ ಎಂಬ ನೋವು ನನಗಿದೆ.

ಅಂತರಗಂಗೆಗೆ ಬರೋಣ. ನೀಲಿ ನೇರಳೆ ಹೂವಿನ, ದಂಟು ಉಬ್ಬಿದ ಗಿಡ ತಾನೆ? ಕೆಲವರು ಎಲೆಕೋಸಿನ ಹಾಗೆ ತೇಲುವ ಇನ್ನೊಂದು ಗಿಡಕ್ಕೂ ಅಂತರಗಂಗೆ ಎನ್ನುತ್ತಾರೆ. ನಾನು ಹೇಳುತ್ತಿರುವುದು ಹೂವಿನದರ ಬಗ್ಗೆ. ದಕ್ಷಿಣ ಅಮೆರಿಕದ್ದು, ಹೂವಿನ ಚಂದಕ್ಕೆ ಹತ್ತೊಂಬತ್ತನೇ ಶತಮಾನದ ಕೊನೆಗೆ ಬಂಗಾಳಕ್ಕೆ ತಂದದ್ದು. ಅಲ್ಲಿನ ಹೊಳೆ, ಗದ್ದೆಗಳನ್ನು ಅದು ಎಷ್ಟು ಕಾಡಿತೆಂದರೆ 1936ರಲ್ಲಿ ಬಂಗಾಳ ಅದೊಂದೇ ಗಿಡಕ್ಕೆ ಪ್ರತ್ಯೇಕ ಕಾಯ್ದೆ ಮಾಡಬೇಕಾಯಿತು. ಆದರೆ ಕಳೆಗೆ ಕಾನೂನು ಮಾಡುವುದರಲ್ಲಿ ಕೊಡಗು ಬಂಗಾಳಕ್ಕಿಂತ ಮುಂದಿತ್ತು. ಕೊಡಗು ಪ್ರತ್ಯೇಕ ಪ್ರಾಂತ್ಯವಾಗಿದ್ದ ಕಾಲದಲ್ಲಿ, 1914ರಲ್ಲೇ, ಲಂಟಾನದ ಕಾಟಕ್ಕೆ ಇಲ್ಲಿ ಕಳೆ ನಿರ್ಮೂಲನೆಯ ಕಾನೂನು ಬಂದಿತ್ತು. ನೂರು ವರ್ಷದ ಮೇಲಾಯಿತು, ನಾಗರಹೊಳೆಯಲ್ಲಿ ಲಂಟಾನ ಹೇಗಿದೆ ಎಂದು ನಿಮಗೇ ಗೊತ್ತು. ತಡವಾಗಿ ಬಂದ ಕಾನೂನು ಎಷ್ಟು ಕಟ್ಟುನಿಟ್ಟಾಗಿದ್ದರೂ ಬೇರು ಬಿಟ್ಟ ಗಿಡದ ಹಿಂದೆ ಓಡಬೇಕಾಗುತ್ತದೆ.

ಈಗ ರಾಜ್ಯದಲ್ಲಿ ಇದಕ್ಕೆ ಅನ್ವಯಿಸಬಹುದಾದದ್ದು 1968ರ ಕರ್ನಾಟಕ ಕೃಷಿ ಪೀಡೆಗಳು ಮತ್ತು ರೋಗಗಳ ಅಧಿನಿಯಮ. ಒಂದು ಕಳೆಯನ್ನು ಒಂದು ಪ್ರದೇಶದಲ್ಲಿ ಹಾನಿಕಾರಕ ಎಂದು ಸರ್ಕಾರ ಘೋಷಿಸಿದರೆ, ಜಮೀನು ಯಾರ ಅನುಭವದಲ್ಲಿದೆಯೋ ಅವರೇ ಅದನ್ನು ತೆಗೆಯಬೇಕು. ತೆಗೆಯದಿದ್ದರೆ ಅಧಿಕಾರಿ ತೆಗೆಸಿ ಖರ್ಚು ವಸೂಲಿ ಮಾಡಬಹುದು. ಇದರ ಅರ್ಥ ನಿಮಗೆ ಸ್ವಲ್ಪ ಕಹಿ ಅನ್ನಿಸಬಹುದು. ತೋಟದ ಒಳಗಿನ ಕೆರೆ ನಿಮ್ಮದು, ಅದರ ಕಳೆಯೂ ನಿಮ್ಮದೇ. ಪಂಚಾಯಿತಿ ಕೆರೆ, ಸಾರ್ವಜನಿಕ ಕೆರೆ ಆಗಿದ್ದರೆ ಮಾತು ಬೇರೆ, ಅಲ್ಲಿ ಪಂಚಾಯಿತಿಯನ್ನು ಕೇಳುವ ಹಕ್ಕು ನಿಮಗಿದೆ.

ಇನ್ನೊಂದು ಮಾತು ಬೇಜಾರು ಮಾಡಿಕೊಳ್ಳದೆ ಕೇಳಿ. ಅಂತರಗಂಗೆ ಬರೀ ನೀರು ಕುಡಿದು ಹಾಗೆ ಹಬ್ಬುವುದಿಲ್ಲ, ಅದಕ್ಕೆ ಊಟ ಬೇಕು. ತೋಟಕ್ಕೆ ಹಾಕಿದ ಯೂರಿಯ ಮಳೆಗೆ ಕೊಚ್ಚಿ ಬರುತ್ತದೆ, ಕಾರ್ಮಿಕರ ಲೈನ್‌ಮನೆಗಳ ಬಚ್ಚಲ ನೀರು ಬರುತ್ತದೆ, ಡಿಸೆಂಬರ್ ಜನವರಿಯಲ್ಲಿ ಸಿಪ್ಪೆ ಬಿಡಿಸುವ ಪಲ್ಪರ್ ಯಂತ್ರ ಓಡುವಾಗ ಕಾಫಿ ಹಣ್ಣು ತೊಳೆದ ನೀರು ಬರುತ್ತದೆ. ಪಲ್ಪರ್ ನೀರನ್ನು ಸಂಸ್ಕರಿಸದೆ ತೊರೆಗೆ ಬಿಡುವುದು 1974ರ ಜಲ ಮಾಲಿನ್ಯ ಕಾಯ್ದೆಗೆ ವಿರುದ್ಧವೂ ಹೌದು. ಎಲ್ಲಿಂದ ಊಟ ಬರುತ್ತಿದೆ ಎಂದು ಕೆರೆಯ ಸುತ್ತ ಒಂದು ಸಲ ನಡೆದು ನೋಡಿ. ಅದನ್ನು ನಿಲ್ಲಿಸದೆ ಎಷ್ಟು ಆಳು ಇಟ್ಟು ಕಿತ್ತರೂ ಒಂದೇ ಮಳೆಗಾಲಕ್ಕೆ ಮೊದಲಿನಂತಾಗುತ್ತದೆ. ಸರಿಯಾದ ಬಿಸಿಲು, ಗೊಬ್ಬರದ ನೀರು ಸಿಕ್ಕರೆ ಎರಡು ವಾರದಲ್ಲಿ ಇದು ಇಮ್ಮಡಿಯಾಗಬಲ್ಲದು. ಉದುರಿದ ಬೀಜ ಕೆಸರಿನಲ್ಲಿ ಹದಿನೈದು ಇಪ್ಪತ್ತು ವರ್ಷ ಜೀವ ಹಿಡಿದಿರುತ್ತದೆ.

ಸರ್ಕಾರದ ಪ್ರಯತ್ನಗಳಲ್ಲಿ ನನಗೆ ನಿಜಕ್ಕೂ ಹೆಮ್ಮೆ ಎನಿಸುವುದು ಈ ಗಿಡದ ಮೇಲೆ ನಡೆದ ಕೆಲಸ, ಅದೂ ನಮ್ಮ ಬೆಂಗಳೂರಿನಲ್ಲೇ. 1980ರ ದಶಕದ ಆರಂಭದಲ್ಲಿ ನಿಯೊಕೆಟಿನಾ ಎಂಬ ಎರಡು ಜಾತಿಯ ಮೂತಿಹುಳುಗಳನ್ನು ಹೊರದೇಶದಿಂದ ತರಿಸಿ, ಬೇರೆ ಬೆಳೆ ಮುಟ್ಟುವುದಿಲ್ಲ ಎಂದು ಪರೀಕ್ಷೆ ಮಾಡಿ, ಬೆಂಗಳೂರು ಸುತ್ತಿನ ಕೆರೆಗಳಿಗೆ ಬಿಟ್ಟರು. ಕೆಲವು ಕೆರೆಗಳಲ್ಲಿ ಮೂರು ನಾಲ್ಕು ವರ್ಷದಲ್ಲಿ ಅಂತರಗಂಗೆ ಕುಗ್ಗಿಹೋಯಿತು. ಸಾಲ್ವಿನಿಯಾ ಎಂಬ ಇನ್ನೊಂದು ತೇಲುವ ಕಳೆಗೆ ಬಿಟ್ಟ ಬೇರೆ ಮೂತಿಹುಳು ಬೆಂಗಳೂರಿನ ಒಂದು ಕೊಳವನ್ನು ಹನ್ನೊಂದು ತಿಂಗಳಲ್ಲಿ ತೆರವು ಮಾಡಿತು, ಆಮೇಲೆ ಕೇರಳದ ಕುಟ್ಟನಾಡಿನ ಗದ್ದೆಗಳಿಗೂ ಅದೇ ನೆರವಾಯಿತು. ಆ ನಿಯೊಕೆಟಿನಾ ಹುಳು ಈಗ ಎಷ್ಟೋ ಕಡೆ ತಾನಾಗಿ ಹರಡಿದೆ, ನಿಮ್ಮ ಕೆರೆಯಲ್ಲೂ ಇರಬಹುದು. ಒಂದು ಎಲೆ ಕಿತ್ತು ಬೆಳಕಿಗೆ ಹಿಡಿಯಿರಿ. ಮಸೂರ ಬೇಳೆಗಿಂತ ಚಿಕ್ಕ, ಚೌಕನೆಯ ಕೆರೆದ ಗುರುತುಗಳು ಸಾಲಾಗಿ ಕಂಡರೆ ಹುಳು ಇದೆ. ಹಗಲು ಅದು ಗಿಡದ ಮಧ್ಯದ ಸುಳಿಯಲ್ಲಿ ಅಡಗಿರುತ್ತದೆ. ದಂಟು ಸೀಳಿದರೆ ಒಳಗೆ ಬಿಳಿ ಮರಿಹುಳು ಕೊರೆದ ದಾರಿ ಕಾಣುತ್ತದೆ. ಇಲ್ಲದಿದ್ದರೆ ಹೆಬ್ಬಾಳದ ರಾಷ್ಟ್ರೀಯ ಕೃಷಿ ಕೀಟ ಸಂಪನ್ಮೂಲ ಬ್ಯೂರೋವನ್ನು ಕೇಳಿ, ಇಂಥ ಹುಳುಗಳ ಕೆಲಸ ಅಲ್ಲಿ ನಡೆಯುತ್ತದೆ. ಆದರೆ ತಾಳ್ಮೆ ಬೇಕು. ಗೊಬ್ಬರದ ನೀರು ಸೇರುತ್ತಿರುವ ಕೆರೆಯಲ್ಲಿ ಗಿಡದ ಓಟಕ್ಕೆ ಹುಳು ಸೋಲುತ್ತದೆ. ಕಳೆನಾಶಕ ಸಿಂಪಡಿಸಿದರೆ ಹುಳುವೂ ಹೋಗುತ್ತದೆ, ಕೊಳೆತ ಗಿಡ ನೀರಿನ ಉಸಿರು ಕಟ್ಟಿಸಿ ಮೀನೂ ಸಾಯುತ್ತದೆ. ಕೆಳಗಿನ ಊರಿನವರು ಅದೇ ನೀರು ಕುಡಿಯುವವರು.

ಅದಕ್ಕೇ ನನ್ನ ಸಲಹೆ ಮೊದಲು ಕೈಯಲ್ಲಿ ಕೀಳಿಸಿ, ಉಳಿದದ್ದಕ್ಕೆ ಹುಳು. ಮಾರ್ಚ್ ಏಪ್ರಿಲ್‌ನಲ್ಲಿ, ಸ್ಪ್ರಿಂಕ್ಲರ್ ಓಡಿ ನೀರು ಕೆಳಗಿಳಿದಾಗ, ಹೂ ಬಿಡುವ ಮೊದಲೇ ಕೀಳಿ. ಮೊದಲ ಕೆಲಸ ಕೋಡಿಯದು. ನೀರು ಹೊರಗೆ ಹೋಗುವ ಬಾಯಿಗೆ ಬಿದಿರಿನ ತಡಿಕೆ, ಅದರ ಹಿಂದೆ ಸಣ್ಣ ಕಣ್ಣಿನ ಬಲೆ, ಎರಡೂ ಹಾಕಿ. ಕೀಳುವಾಗ ತುಂಡಾದ ಒಂದು ಬಳ್ಳಿ ಸಾಕು, ಕೆಳಗಿನ ಕೆರೆಗೆ ಹೊಸ ಸಂಸಾರ ಹೂಡಲು. ಕಿತ್ತದ್ದನ್ನು ಕೆರೆ ಏರಿಯ ಮೇಲೆ ಬಿಡಬೇಡಿ. ಮಳೆಗೆ ಜಾರಿ ಮತ್ತೆ ಒಳಗೆ ಬರುತ್ತದೆ. ನೀರಿನಿಂದ ದೂರ ಒಯ್ದು ಒಣಗಿಸಿ ಕಾಫಿ ಗಿಡದ ಬುಡಕ್ಕೆ ಮುಚ್ಚಿಗೆ ಮಾಡಿ ಅಥವಾ ಸಗಣಿ ಸೇರಿಸಿ ಗೊಬ್ಬರ ಮಾಡಿ, ಪೊಟ್ಯಾಷ್ ಚೆನ್ನಾ­ಗಿದೆ ಅದರಲ್ಲಿ. ಬೀಜ ಕಟ್ಟಿದ ಗಿಡವನ್ನು ಮಾತ್ರ ಸುಟ್ಟುಬಿಡಿ. ಹುಳು ಇರುವ ಒಂದು ಮೂಲೆಯನ್ನು ಹಗ್ಗ, ಬಿದಿರು ಕಟ್ಟಿ ಹಾಗೇ ಉಳಿಸಿ. ಎಲ್ಲವನ್ನೂ ಕಿತ್ತರೆ ಹುಳುವಿಗೂ ನೆಲೆ ಇಲ್ಲ, ಮುಂದಿನ ವರ್ಷ ಹೊಸ ಮೊಳಕೆ ಬಂದಾಗ ತಿನ್ನುವವರಿಲ್ಲ.

ಬೇರೆ ದೇಶದವರು ಹೇಗೆ ಮಾಡುತ್ತಾರೆ ಎಂದು ಕೆಲವರು ಕೇಳುತ್ತಾರೆ. ಅಮೆರಿಕದ ಮಹಾ ಸರೋವರಗಳಿಗೆ ಹಡಗುಗಳ ತಳದ ನೀರಿನಲ್ಲಿ ಜೀಬ್ರಾ ಚಿಪ್ಪು ಬಂದು ನೀರಿನ ಕೊಳವೆಗಳನ್ನೇ ಮುಚ್ಚಿದ ಮೇಲೆ 1990ರಲ್ಲಿ ಅಲ್ಲಿ ಜಲಚರ ಪೀಡೆಗಳಿಗೇ ಒಂದು ಕಾಯ್ದೆ ಬಂತು. ಅದು ಬರುವ ಹೊತ್ತಿಗೆ ಚಿಪ್ಪು ನೆಲೆ ನಿಂತಾಗಿತ್ತು. ನ್ಯೂಜಿಲೆಂಡ್ ಒಂದು ಪಾಚಿ ಹರಡಬಾರದೆಂದು ಗಾಳಗಾರರ ಉಣ್ಣೆ ತಳದ ಬೂಟುಗಳನ್ನೇ 2008ರಲ್ಲಿ ನಿಷೇಧಿಸಿತು. ನಮಗೂ ಇಂಥ ಕಟ್ಟುನಿಟ್ಟು ಬಾರದ್ದೇನಲ್ಲ. 2009ರಲ್ಲಿ ಹೊರದೇಶದ ವನ್ನಾಮೈ ಸಿಗಡಿಯನ್ನು ದೇಶಕ್ಕೆ ಬಿಟ್ಟುಕೊಳ್ಳುವಾಗ ಚೆನ್ನೈನಲ್ಲಿ ಅದಕ್ಕೆಂದೇ ಕ್ವಾರಂಟೈನ್ ಕೇಂದ್ರ ಕಟ್ಟಿದರು, ಪರೀಕ್ಷೆ ಆಗದ ತಾಯಿ ಸಿಗಡಿ ಒಳಗೆ ಬರುವಂತಿಲ್ಲ. ರಫ್ತಿನ ದುಡ್ಡು ಇದ್ದ ಕಡೆ ಅಷ್ಟು ಎಚ್ಚರ ಸಾಧ್ಯವಾಯಿತು. ಹೊಳೆಗೂ ಅಷ್ಟೇ ಎಚ್ಚರ ಸಿಗಬೇಕೆಂದು ಕೇಳುವುದು ಅತಿಯಾಸೆಯಲ್ಲ.

ಗಪ್ಪಿ: ಬಿಡಬೇಡಿ. ಮನೆಯ ಸಿಮೆಂಟ್ ತೊಟ್ಟಿ, ಹಾಳು ಬಾವಿ, ಹೊರಗೆ ಹರಿಯದ ಕಡೆ ಆದರೆ ಸರಿ. ಕೋಡಿ ಇರುವ ಕೆರೆಗೆ ಗಪ್ಪಿಯೂ ಬೇಡ, 1928ರಲ್ಲಿ ಇಟಲಿಯಿಂದ ಇದೇ ಸೊಳ್ಳೆಯ ಕೆಲಸಕ್ಕೆ ತಂದ ಗಂಬೂಸಿಯಾವೂ ಬೇಡ. ಗಂಬೂಸಿಯಾ ಕಪ್ಪೆ ಮರಿಗಳನ್ನೂ ತಿನ್ನುತ್ತದೆ, ಲೋಕದಲ್ಲಿ ಬೇರೆಲ್ಲೂ ಇಲ್ಲದ ಕಪ್ಪೆಗಳು ನಮ್ಮ ಘಟ್ಟದಲ್ಲಿವೆ. ಬೆಳಿಗ್ಗೆ ಕೆರೆಯ ಅಂಚಿನಲ್ಲಿ ಬಗ್ಗಿ ನೋಡಿ. ನೀರಿನ ಮೇಲ್ಪದರದಲ್ಲೇ ನಿಂತು, ತಲೆಯ ಮೇಲೆ ಬೆಳ್ಳಿಯ ಚುಕ್ಕೆ ಹೊಳೆಯುವ ಸಣ್ಣ ಮೀನು ಕಂಡರೆ ಸೊಳ್ಳೆ ಮರಿ ತಿನ್ನುವವರು ನಿಮ್ಮಲ್ಲಿ ಈಗಾಗಲೇ ಇದ್ದಾರೆ. ಗಡಿಯ ಆಚೆ ಮಲಯಾಳಿಗಳು ಅದಕ್ಕೆ ಮಾನತ್ತುಕಣ್ಣಿ ಎನ್ನುತ್ತಾರೆ, ಆಕಾಶ ನೋಡುವ ಕಣ್ಣಿನದು. ಅಂತರಗಂಗೆ ತೆಗೆದು ನೀರಿನ ಮೇಲ್ಮೈ ತೆರೆದುಕೊಟ್ಟರೆ ಅವು ತಮ್ಮ ಕೆಲಸ ಮಾಡುತ್ತವೆ.

ಕೊನೆಗೆ ಯಾರಿಗೆ ಬರೆಯುವುದು ಎಂಬುದು. ನೆರೆಯವರ ಹತ್ತಿರ ಮೊದಲು ನೀವೇ ಮಾತಾಡಿ. ಅವರನ್ನು ಕಳ್ಳರ ಹಾಗೆ ಕಾಣಬೇಡಿ, ಅವರಿಗೂ ಮೋಸ ಆಗಿದೆ. ಅವರು ಬೇಸಿಗೆಯಲ್ಲಿ ಹೊಂಡ ಬತ್ತಿಸಿ, ಸಿಕ್ಕ ಮೀನನ್ನು ಕೊಂದು ಹೂಳಬೇಕು, ಜೀವಂತವಾಗಿ ಯಾರಿಗೂ ಕೊಡಬಾರದು. ಮತ್ತೆ ಮೀನು ಸಾಕುವ ಆಸೆಯಿದ್ದರೆ ಹೊಂಡಕ್ಕೆ ಗಟ್ಟಿ ಏರಿ, ಕೋಡಿಗೆ ಬಲೆ ಮಾಡಿಸಿ, ಇಲಾಖೆಯ ಕೇಂದ್ರದಿಂದ ರಸೀತಿ ಸಮೇತ ಮರಿ ತರಲಿ. ಕಾಟ್ಲಾ, ರೋಹು ಕೂಡ ಕಾವೇರಿಯವಲ್ಲ, ಆದರೆ ಗದ್ದೆ ಹತ್ತುವ, ಕೆಸರಲ್ಲಿ ಅಡಗುವ ಮೀನಲ್ಲ ಅವು. ಇದಕ್ಕೆ ಅವರು ಒಪ್ಪದಿದ್ದರೆ ತಾಲ್ಲೂಕಿನ ಮೀನುಗಾರಿಕೆ ಸಹಾಯಕ ನಿರ್ದೇಶಕರಿಗೆ ಲಿಖಿತ ಅರ್ಜಿ ಕೊಡಿ. ತಲೆಯ ಫೋಟೊ, ಮೈಯ ಫೋಟೊ, ಸಿಕ್ಕ ದಿನ, ಜಾಗ, 1997ರ ಕೇಂದ್ರದ ಸೂಚನೆ ಮತ್ತು 2019ರ ನ್ಯಾಯಮಂಡಳಿ ಆದೇಶದ ಉಲ್ಲೇಖ ಇರಲಿ. ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳದೆ ಹೊರಗೆ ಬರಬೇಡಿ. ಬೇರೆ ಕಚೇರಿ ತೋರಿಸುವವರ ಬಾಯಿಗೆ ಆ ಮುದ್ರೆಯೇ ಉತ್ತರ.

ಅದರ ಒಂದು ಪ್ರತಿ ನಿಮ್ಮ ಗ್ರಾಮ ಪಂಚಾಯಿತಿಯ ಜೀವವೈವಿಧ್ಯ ನಿರ್ವಹಣಾ ಸಮಿತಿಗೆ ಕೊಡಿ. 2002ರ ಕಾಯ್ದೆಯ ಪ್ರಕಾರ ಪ್ರತಿ ಪಂಚಾಯಿತಿಗೂ ಅಂಥ ಸಮಿತಿ ಇರಬೇಕು, ಅದರ ಕೈಯಲ್ಲಿ ಜನತಾ ಜೀವವೈವಿಧ್ಯ ದಾಖಲೆ ಎಂಬ ಪುಸ್ತಕ ಇರಬೇಕು. ಆ ಪುಸ್ತಕ ತೆಗೆಸಿ ನೋಡಿ, ಹೊಳೆಮೀನಿನ ಪುಟ ಖಾಲಿ ಇರುವ ಸಂಭವವೇ ಹೆಚ್ಚು. ನಿಮ್ಮ ಮನೆಯ ಹಿರಿಯರನ್ನು ಕೂರಿಸಿಕೊಂಡು, ಜೂನಿನ ಮೊದಲ ಮಳೆಗೆ ಗದ್ದೆ ಹತ್ತುತ್ತಿದ್ದ ಮೀನುಗಳು ಯಾವುವು, ಮೀನು ಹಿಡಿಯುವ ಕೂಳಿ ಇಡುತ್ತಿದ್ದದ್ದು ಎಲ್ಲಿ, ಮುರುಗೋಡು ಕೊನೆಯ ಸಲ ಕಂಡದ್ದು ಯಾವಾಗ ಎಂದು ಕೇಳಿ, ಅವರು ಹೇಳಿದ ಹೆಸರಿನಲ್ಲೇ ಬರೆಸಿ. ಈ ಮಳೆಗಾಲದಲ್ಲಿ ಬದುವಿನ ಹತ್ತಿರ ಮತ್ತೆ ಮೀಸೆ ಮೀನು ಸಿಕ್ಕರೆ ಅದರ ತಲೆಯ ಫೋಟೊವನ್ನೂ ಅದೇ ಪುಟಕ್ಕೆ ಅಂಟಿಸಿ, ನನಗೂ ಒಂದು ಕಳಿಸಿ.